ಅಜ್ಜಿಯ ಎಡೆಗೆ ಏನಿಡೋದು?

ಗ್ರಹಣದ ಹುಣ್ಣಿಮೆ ಕಳೆದ ಮಾರನೇ ದಿನ, ಸೋಮವಾರ ಸಂಜೆ, ಅಪ್ಪ ಫೋನ್ ಮಾಡಿದರು. "ಪಕ್ಷ ಶುರುವಾಯ್ತಲ್ಲವ್ವ. ಈ ಸಲ ಅವ್ವಂಗೂ ಎಡೆ ಇಡ್ಬೇಕು. ಏನೇನು ಇಡೋದು ಅಂತ ಒಂದು ಪಟ್ಟಿ ಮಾಡು" ಅಂದರು. ನಾನು ಶಾಲೆಯಿಂದ ಬಂದು ಇನ್ನೂ ಬ್ಯಾಗ್ ಇಳಿಸಿರಲಿಲ್ಲ. ಸರಿ ಅಪ್ಪ ಅಂದೆ. ರಾತ್ರಿ ಪಾತ್ರೆ ತೊಳೆದಿಟ್ಟು, ಮಗಳ ಹಳೇ ನೋಟ್‌ಬುಕ್ಕಿನ ಕೊನೇ ಹಾಳೆಯಲ್ಲಿ 'ಅಜ್ಜಿ' ಅಂತ ಬರೆದು ಕೆಳಗೆ ಗೆರೆ ಎಳೆದೆ. ಆಮೇಲೆ ಕೈ ಓಡಲಿಲ್ಲ.

ನಮ್ಮ ಕಡೆ ಪಕ್ಷ ಮಾಡದ ಮನೆ ಇಲ್ಲ. ಭಾದ್ರಪದದ ಹುಣ್ಣಿಮೆ ಮಾರನೇ ದಿನದಿಂದ ಅಮಾವಾಸ್ಯೆವರೆಗೆ 15 ದಿನ ಹಿರಿಯರಿಗೆ ಸೇರಿದ್ದು. ಕೆಲವರು ನಡುವೆ ಯಾವುದೋ ಒಂದು ದಿನ ಮಾಡುತ್ತಾರೆ. ನಮ್ಮ ಮನೆಯಲ್ಲಿ ಯಾವಾಗಲೂ ಮಹಾಲಯ ಅಮಾವಾಸ್ಯೆ ದಿನವೇ. ಅಜ್ಜಿ ಬಾಯಲ್ಲಿ ಪಿತೃಪಕ್ಷ ಅನ್ನೋ ಮಾತು ನಾನು ಕೇಳಿಲ್ಲ. ಅವಳಿಗೆ ಅದು ಮಾರ್ಲಮಿ ಪಕ್ಷ. "ಮಾರ್ಲಮಿಗೆ ಬಂದ್ಬಿಡು, ತಪ್ಪಿಸ್ಬೇಡ" ಅಂತ ಒಂದು ತಿಂಗಳ ಮುಂಚೆಯೇ ಹೇಳಿ ಕಳಿಸುತ್ತಿದ್ದಳು.

ಅಜ್ಜಿ ಹೋಗಿದ್ದು 2024ರ ಶ್ರಾವಣದಲ್ಲಿ. 82 ವರ್ಷ. ವರ್ಷ ತುಂಬುವ ತನಕ ಎಡೆ ಇಡಬಾರದು ಅನ್ನೋದು ನಮ್ಮ ಮನೆ ಪದ್ಧತಿ. ಹಾಗಾಗಿ ಆ ಸಲ ನಮ್ಮಲ್ಲಿ ಹಬ್ಬವೇ ಇರಲಿಲ್ಲ. ಆ ವರ್ಷ ಅಮಾವಾಸ್ಯೆ ಅಕ್ಟೋಬರ್ 2ಕ್ಕೇ ಬಂದಿತ್ತು. ಗಾಂಧಿ ಜಯಂತಿ ಅಂತ ಬಾಡಿನ ಅಂಗಡಿ ಎಲ್ಲ ಮುಚ್ಚಿ, ಪಕ್ಕದ ಮನೆಯವರು ಹಿಂದಿನ ದಿನವೇ ಎಡೆ ಇಟ್ಟು ಮುಗಿಸಿದ್ದರು. 2025ರಲ್ಲಿ ಅಮಾವಾಸ್ಯೆ ಸೆಪ್ಟೆಂಬರ್ 21, ಭಾನುವಾರ ಬಂತು. ಅಜ್ಜಿಗೆ ಮೊದಲ ಎಡೆ.

ಎಡೆ ಅಂದರೆ ಸುಮ್ನೆ ಊಟ ಬಡಿಸೋದಲ್ಲ. ಒಳಗಿನ ಕೋಣೆ ಸಾರಿಸಿ, ಕಂಬಳಿ ಹಾಸಿ, ಕಳಸ ಇಟ್ಟು, ಹೊಸ ಪಂಚೆ, ಸೀರೆ, ರವಿಕೆ ಕಣ ಮಡಿಸಿಟ್ಟು, ಒಬ್ಬೊಬ್ಬ ಹಿರಿಯರಿಗೂ ಒಂದೊಂದು ಬಾಳೆಲೆ ಹಾಕಬೇಕು. ಆ ಎಲೆ ಮೇಲೆ ಅವರವರಿಗೆ ಇಷ್ಟವಾದದ್ದು ಇರಬೇಕು. ಕಜ್ಜಾಯ, ವಡೆ, ಅನ್ನ, ಮುದ್ದೆ, ಸಾರು ಎಲ್ಲರಿಗೂ ಒಂದೇ. ಅದರ ಮೇಲೆ ಬರೋದೇ ಮುಖ್ಯ. ಬೀಡಿ ಸೇದುತ್ತಿದ್ದವರಿಗೆ ಬೀಡಿ ಕಟ್ಟು, ಕುಡಿಯುತ್ತಿದ್ದವರಿಗೆ ಒಂದು ಲೋಟ, ಎಲೆ ಅಡಿಕೆಯವರಿಗೆ ಸುಣ್ಣದ ಡಬ್ಬಿ ಸಮೇತ ಎಲೆ ಅಡಿಕೆ. ಧೂಪ ಹಾಕಿ, ಕೈ ಮುಗಿದು, ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಜಗಲಿ ಮೇಲೆ ಕೂರುತ್ತೇವೆ. ಹಿರಿಯರು ಬಂದು ಉಣ್ಣುವ ಹೊತ್ತು ಅದು. ಆಗ ಯಾರೂ ಒಳಗೆ ಹೋಗುವ ಹಾಗಿಲ್ಲ, ಅವರಿಗಿಂತ ಮುಂಚೆ ಯಾರೂ ಬಾಯಿಗೆ ಏನೂ ಹಾಕುವ ಹಾಗಿಲ್ಲ. ಆಮೇಲೆ ಮನೆಯ ಹಿರೀಕ ಮೂರು ಸಲ ಬಾಗಿಲು ತಟ್ಟಿ ತೆಗೆಯುತ್ತಾರೆ.

ತಾತ ಹೋಗಿದ್ದು 1998ರಲ್ಲಿ. ಅಲ್ಲಿಂದ 25 ವರ್ಷ ತಾತನ ಎಡೆ ಹಾಕಿದ್ದು ಅಜ್ಜಿಯೇ. ಬೇರೆಯವರನ್ನು ಆ ಎಲೆ ಹತ್ತಿರ ಬಿಡುತ್ತಿರಲಿಲ್ಲ. ಮುದ್ದೆ ಸ್ವಲ್ಪ ಮೆತ್ತಗಿರಬೇಕು. ಈಲಿ, ಅಂದರೆ ಲಿವರ್ ತುಂಡು ಎರಡು, ಮೂಳೆ ತುಂಡು ಒಂದು. ಸಾರು ಮುದ್ದೆ ಮೇಲೆ ಬೀಳಬಾರದು, ಪಕ್ಕದಲ್ಲಿ ಗುಳಿ ಮಾಡಿ ಬಿಡಬೇಕು. ಮಜ್ಜಿಗೆಗೆ ಹಸಿಮೆಣಸು ಹಾಕಬಾರದು, ಬರೀ ಉಪ್ಪು. ಬೀಡಿ ಕಟ್ಟಿನ ದಾರ ಬಿಚ್ಚಿ, ಒಂದು ಬೀಡಿ ಈಚೆ ಎಳೆದು, ಬೆಂಕಿಪೊಟ್ಟಣ ಅರ್ಧ ತೆರೆದು ಇಡುತ್ತಿದ್ದಳು. "ಕೈಗೆ ಸಿಗೋ ಹಂಗಿರ್ಬೇಕು, ಹುಡುಕೋಕೆ ಅವ್ರಿಗೆ ತಾಳ್ಮೆ ಇಲ್ಲ" ಅನ್ನುತ್ತಿದ್ದಳು. ಅವರು ಹೋಗಿ ಇಪ್ಪತ್ತು ವರ್ಷ ಆದಮೇಲೂ ಹೀಗೇ. ನಾನು ತಾತನನ್ನು ಸರಿಯಾಗಿ ಅರಿತಿದ್ದು ಆ ಎಲೆ ನೋಡಿಯೇ ಅನ್ನಿಸುತ್ತೆ. ಅವರು ಹೋದಾಗ ನಾನಿನ್ನೂ ಚಿಕ್ಕವಳು.

ಅಂಥ ಅಜ್ಜಿಗೆ ಏನಿಷ್ಟ?

ಮಾರನೇ ದಿನ ಎಲ್ಲರಿಗೂ ಫೋನ್ ಮಾಡಿದೆ. ಅರಸೀಕೆರೆಯಲ್ಲಿರೋ ಅತ್ತೆ, "ಒಬ್ಬಟ್ಟು ಇಡು. ಅವ್ವನ ಒಬ್ಬಟ್ಟು ಅಂದ್ರೆ ಏನು ರುಚಿ!" ಅಂದರು. ಬೆಂಗಳೂರಿನ ಚಿಕ್ಕಪ್ಪ, "ಒತ್ತು ಶಾವಿಗೆ, ಕಾಯಿಹಾಲು. ಅವ್ವ ಮಾಡಿದಂಗೆ ಯಾರಿಗೂ ಬರಲ್ಲ" ಅಂದರು. ತಮ್ಮ ಬಸ್ಸಾರು ಅಂದ. ಅಪ್ಪನನ್ನು ಕೇಳಿದರೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಹುರುಳಿಕಟ್ಟಿನ ಸಾರು ಬರೀ" ಅಂದರು.

ನೋಟ್‌ಬುಕ್ಕಲ್ಲಿ ಬರೆಯುತ್ತಾ ಹೋದೆ. ಏಳು ಸಾಲು ಆಯಿತು. ಓದಿ ನೋಡಿದೆ. ಅದು ಅಜ್ಜಿ ಮಾಡುತ್ತಿದ್ದದ್ದರ ಪಟ್ಟಿ. ಒಬ್ಬಟ್ಟು ಅತ್ತೆಗೆ ಇಷ್ಟ. ಶಾವಿಗೆ ಚಿಕ್ಕಪ್ಪನಿಗೆ ಇಷ್ಟ. ಹುರುಳಿಕಟ್ಟಿನ ಸಾರು ಇದ್ದ ದಿನ ಅಪ್ಪ ಒಂದು ಮುದ್ದೆ ಜಾಸ್ತಿ ಉಣ್ಣುತ್ತಾರೆ. ಇದನ್ನೆಲ್ಲ ತಟ್ಟೆಗೆ ಹಾಕಿಕೊಂಡು ಅಜ್ಜಿ ಚಪ್ಪರಿಸಿ ತಿಂದದ್ದು ನನ್ನ ಕಣ್ಣಿಗೆ ಬರಲೇ ಇಲ್ಲ. ಅವಳು ಉಣ್ಣುವಾಗ ನಾನು ಎಲ್ಲಿರುತ್ತಿದ್ದೆ? ಎದ್ದು ಕೈ ತೊಳೆದು ಹೋಗಿರುತ್ತಿದ್ದೆ.

ಇದನ್ನು ಬರೆಯುವಾಗಲೂ ನನಗೆ ಗಂಟಲು ಕಟ್ಟುತ್ತೆ. ನನ್ನ ತಲೆಗೆ ಎಣ್ಣೆ ಹಚ್ಚಿ, ಜಡೆ ಹಾಕಿ, ಹತ್ತು ವರ್ಷ ಶಾಲೆಗೆ ಕಳಿಸಿದವಳು. ಅವಳ ಕೈ ಗುರುತು ನನಗೆ ಗೊತ್ತು. ಅವಳ ಕೆಮ್ಮು ಗೊತ್ತು. ನಾಲಿಗೆ ಗೊತ್ತಿರಲಿಲ್ಲ.

ಅಮ್ಮನನ್ನು ಕೇಳಿದಾಗ ಅವಳು ಉತ್ತರವನ್ನೇ ಕೊಡಲಿಲ್ಲ. "ಆಗ್ಲಿ ಬಾ, ನೋಡಾಣ" ಅಂದಳು ಅಷ್ಟೇ.

ಹಬ್ಬದ ಮಾರನೇ ದಿನ, ಸೋಮವಾರದಿಂದ, ನಮ್ಮಂಥ ಟೀಚರ್‌ಗಳಿಗೆ ಸರ್ಕಾರದ ಮನೆಮನೆ ಸಮೀಕ್ಷೆ ಡ್ಯೂಟಿ ಇತ್ತು. ಹಾಗಾಗಿ ಶನಿವಾರ ಬೆಳಗ್ಗೆಯೇ ಮಗಳನ್ನು ಕರೆದುಕೊಂಡು ಊರಿಗೆ ಹೊರಟೆ. ಹಾಸನದ ಕಟ್ಟಿನಕೆರೆ ಮಾರ್ಕೆಟ್ಟಲ್ಲಿ ಹೂವು, ವೀಳ್ಯದೆಲೆ, ಬಾಳೆಲೆ ತಗೊಂಡು ಬಸ್‌ಸ್ಟ್ಯಾಂಡ್ ಕಡೆ ಬರುವಷ್ಟರಲ್ಲಿ ಅಮ್ಮನ ಫೋನ್. "ಬರುವಾಗ ಬೇಕರೀಲಿ ಒಂದು ದಿಲ್‌ಪಸಂದ್ ತಗೊಂಡು ಬಾ. ಒಂದೇ ಪೀಸ್ ಸಾಕು."

ಹಾಸನದವರಿಗೆ ಬೇಕರಿ ಬಗ್ಗೆ ಹೇಳಬೇಕಾ? ಬೆಂಗಳೂರಲ್ಲಿ ಬೀದಿಗೊಂದು ಅಯ್ಯಂಗಾರ್ ಬೇಕರಿ ಇದೆಯಲ್ಲ, ಅದನ್ನು ನಡೆಸುವವರಲ್ಲಿ ಬಹಳ ಜನ ನಮ್ಮ ಹಾಸನ ಜಿಲ್ಲೆಯ ಹಳ್ಳಿಗಳಿಂದ ಹೋದವರೇ. ಆ ವಾಸನೆ ನಮಗೆ ಊರಿನ ವಾಸನೆ. ಮಗಳಿಗೆ ಇರಬೇಕು ಅಂದುಕೊಂಡು ನಾಲ್ಕು ಪೀಸ್ ಕಟ್ಟಿಸಿಕೊಂಡೆ.

ಆಲೂರು ರಸ್ತೆಯಲ್ಲಿ ಬಸ್ ಇಳಿದು ಒಂದೂವರೆ ಮೈಲಿ ಒಳಗೆ ನಮ್ಮೂರು. ಮಳೆ ಬಿಟ್ಟು ಬಿಟ್ಟು ಬರುತ್ತಿತ್ತು. ಒಂದು ಕಡೆ ಗದ್ದೆ, ಒಂದು ಕಡೆ ಶುಂಠಿ. ಆಲೂಗಡ್ಡೆ ಕಿತ್ತ ಹೊಲಗಳು ಹಾಗೇ ಕೆಂಪಗೆ ಬಿದ್ದಿದ್ದವು. ಮೊದಲೆಲ್ಲ ಈ ದಾರಿಯ ಎರಡೂ ಕಡೆ ಆಲೂಗಡ್ಡೆಯೇ ಇತ್ತು. ಅಂಗಮಾರಿ ರೋಗಕ್ಕೆ ಹೆದರಿ ಜನ ಮುಸುಕಿನ ಜೋಳಕ್ಕೆ, ಶುಂಠಿಗೆ ತಿರುಗಿದರು. ಅಪ್ಪ ಮಾತ್ರ ಮನೆ ಖರ್ಚಿಗೆ ಅಂತ ನಾಲ್ಕು ಸಾಲು ಬಿಡದೆ ಹಾಕುತ್ತಾರೆ.

ಮನೆ ಒಳಗೆ ಕಾಲಿಡುತ್ತಿದ್ದ ಹಾಗೆ ಬೆಲ್ಲ ಎಣ್ಣೆಯಲ್ಲಿ ಬೇಯುವ ವಾಸನೆ. ಅಮ್ಮ ಕಜ್ಜಾಯಕ್ಕೆ ಕೂತಿದ್ದಳು.

ಕಜ್ಜಾಯದ ಪಾಕ ಹಿಡಿಯೋದು ಅಜ್ಜಿ ಕೆಲಸ. ಈ ಸಲ ಮೊದಲ ಬಾರಿಗೆ ಅಮ್ಮ ಒಬ್ಬಳೇ ಹಿಡಿದಿದ್ದಳು. ಅಕ್ಕಿ ನೆನೆಸಿ, ನೆರಳಲ್ಲಿ ಬಟ್ಟೆ ಮೇಲೆ ಹರಡಿ, ಇನ್ನೂ ಹಸಿ ಇರುವಾಗಲೇ ಹಿಟ್ಟು ಮಾಡಿಸಬೇಕು. ಒಣಗಿದರೆ ಕೆಟ್ಟಿತು. ಬೆಲ್ಲ ಕರಗಿಸಿ, ಸೋಸಿ, ಮತ್ತೆ ಒಲೆ ಮೇಲಿಟ್ಟು ಕುದಿಸುತ್ತಾ ತಟ್ಟೆಯಲ್ಲಿ ತಣ್ಣೀರು ಇಟ್ಟುಕೊಳ್ಳಬೇಕು. ಒಂದು ತೊಟ್ಟು ಪಾಕ ನೀರಿಗೆ ಬಿಟ್ಟು ಬೆರಳಲ್ಲಿ ಕೂಡಿಸಿದರೆ ಮೆತ್ತನೆ ಉಂಡೆ ಆಗಬೇಕು. ನೀರಲ್ಲಿ ಕದಡಿ ಹೋದರೆ ಇನ್ನೂ ಎಳಸು, ಕಜ್ಜಾಯ ಎಣ್ಣೆಯಲ್ಲಿ ಕರಗಿ ಹೋಗುತ್ತೆ. ಉಂಡೆ ತಟ್ಟೆಗೆ ಹೊಡೆದಾಗ ಟಣ್ ಅಂದರೆ ಪಾಕ ಏರಿದೆ, ಕಜ್ಜಾಯ ಕಲ್ಲು. ಈ ಎರಡರ ನಡುವೆ ಇರೋದು ಒಂದೇ ಗಳಿಗೆ. ಅಜ್ಜಿ ಆ ಗಳಿಗೆಯನ್ನು ಗುಳ್ಳೆ ನೋಡಿಯೇ ಹೇಳುತ್ತಿದ್ದಳು, ನೀರಿನ ತಟ್ಟೆ ನಮ್ಮ ಸಮಾಧಾನಕ್ಕೆ. "ಗುಳ್ಳೆ ದೊಡ್ಡದಾಗಿ ನಿಧಾನಕ್ಕೆ ಒಡೀತಾ ಇದೆ ನೋಡು, ಇಳ್ಸು" ಅನ್ನುತ್ತಿದ್ದಳು.

ಅಮ್ಮ ಗುರುವಾರವೇ ಹಿಟ್ಟು ಕಲಸಿ, ಗಸಗಸೆ, ಎಳ್ಳು ಹಾಕಿ, ಮುಚ್ಚಿಟ್ಟಿದ್ದಳು. ನಾನು ಬಾಳೆಲೆಗೆ ಎಣ್ಣೆ ಸವರಿ ತಟ್ಟಿ ಕೊಟ್ಟೆ. ಅವಳು ಸಣ್ಣ ಉರಿಯಲ್ಲಿ ಒಂದೊಂದೇ ಬಿಟ್ಟಳು. ಎಣ್ಣೆಗೆ ಬಿದ್ದದ್ದು ಒಂದು ಗಳಿಗೆ ತಳದಲ್ಲಿ ಸುಮ್ಮನಿದ್ದು ಆಮೇಲೆ ಮೇಲಕ್ಕೆ ಬರುತ್ತೆ, ಅಂಚು ಜೇನಿನ ಬಣ್ಣಕ್ಕೆ ತಿರುಗುತ್ತೆ. ತೆಗೆದು ಎರಡು ಸೌಟಿನ ನಡುವೆ ಇಟ್ಟು ಅದುಮಿದರೆ ಎಣ್ಣೆ ಇಳಿಯುತ್ತೆ. ಮೊದಲನೆಯದನ್ನು ಮುರಿದು ನೋಡಿದಳು. ಒಳಗೆ ಮೆತ್ತಗೆ, ಮೇಲೆ ಗರಿ. ಹಿಂದೆ ತಿರುಗಿ, ಅಜ್ಜಿ ಯಾವಾಗಲೂ ಕೂರುತ್ತಿದ್ದ ಮಣೆ ಕಡೆ ನೋಡಿದಳು. ಏನೂ ಹೇಳಲಿಲ್ಲ. ನಾನೂ ಹೇಳಲಿಲ್ಲ.

ಮಧ್ಯಾಹ್ನದ ಹೊತ್ತಿಗೆ ಸಣ್ಣಜ್ಜಿ ಬಂದಳು. ಅಜ್ಜಿಯ ತಂಗಿ. ಇಬ್ಬರ ತವರೂ ಈಗ ನೀರಿನ ಕೆಳಗಿದೆ. ಗೊರೂರಲ್ಲಿ ಹೇಮಾವತಿಗೆ ಅಣೆಕಟ್ಟು ಕಟ್ಟಿ ಮುಗಿದಿದ್ದು 1979ರಲ್ಲಿ. ಶೆಟ್ಟಿಹಳ್ಳಿಯ ಹಳೇ ಚರ್ಚು ಮಳೆಗಾಲದಲ್ಲಿ ಅರ್ಧ ಮುಳುಗೋದನ್ನು ನೋಡೋಕೆ ಈಗ ಎಲ್ಲಿಂದೆಲ್ಲಿಂದಲೋ ಜನ ಬರುತ್ತಾರೆ. ಆ ಹಿನ್ನೀರಿನಲ್ಲೇ ಅವರ ಊರೂ ಹೋಯಿತು. ಚರ್ಚಿನ ಗೋಡೆಯಾದರೂ ಕಾಣುತ್ತೆ, ಇವರ ಮನೆಯದು ಏನೂ ಕಾಣೋದಿಲ್ಲ. ಅಜ್ಜಿಗೆ ಗೌರಿ ಹಬ್ಬಕ್ಕೆ ಅರಿಶಿನ ಕುಂಕುಮ ಬರುತ್ತಿದ್ದದ್ದು ಸರ್ಕಾರ ಬೇರೆ ಕಡೆ ಕೊಟ್ಟ ಜಮೀನಿನಲ್ಲಿ ಕಟ್ಟಿಕೊಂಡ ತಮ್ಮನ ಮನೆಯಿಂದ. "ತವರಿಂದ ಬಂತು" ಅಂತ ಅವಳು ಹೇಳಿದ್ದು ನಾನು ಕೇಳಿಲ್ಲ. "ತಮ್ಮ ಕಳಿಸ್ದ" ಅನ್ನುತ್ತಿದ್ದಳು.

ಸಣ್ಣಜ್ಜಿಗೆ ಕಾಫಿ ಕೊಟ್ಟು ಅದೇ ಪ್ರಶ್ನೆ ಕೇಳಿದೆ. ಲೋಟ ಕೆಳಗಿಡುವ ಮುಂಚೆಯೇ ಉತ್ತರ ಬಂತು.

"ಏಡಿ."

"ಏಡಿನಾ?"

"ಏಡಿ ಅಂದ್ರೆ ಜೀವ ಕಣವ್ವ ಅವ್ಳಿಗೆ. ಹೊಳೆ ದಂಡೇಲಿ ಕಲ್ಲು ಎತ್ತಿ ಎತ್ತಿ ಹಿಡಿಯೋಳು. ಕೈ ತುಂಬಾ ಗಾಯ. ಸಾರಿಗೂ ಹಾಕ್ತಿರ್ಲಿಲ್ಲ, ಕೆಂಡದ ಮೇಲೆ ಸುಟ್ಟು, ಉಪ್ಪು ಮೆಣ್ಸು ಹಚ್ಕೊಂಡು, ಕಾಲು ಕಡ್ದು ಕಡ್ದು ಚೀಪೋಳು. ನಮ್ಮವ್ವ ಬೈಯೋಳು, ಗಂಡ್ಮಕ್ಳಂಗೆ ಹೊಳೆ ಮೇಲೆ ಬಿದ್ದಿರ್ತೀಯ ಅಂತ."

ಅಪ್ಪ ಬಾಗಿಲಲ್ಲಿ ನಿಂತು ಕೇಳುತ್ತಿದ್ದರು. 62 ವರ್ಷ ವಯಸ್ಸು. ತನ್ನ ತಾಯಿ ಏಡಿ ಹಿಡಿಯುತ್ತಿದ್ದಳು ಅನ್ನೋದು ಅವರಿಗೆ ಅವತ್ತೇ ಗೊತ್ತಾಗಿದ್ದು. "ನಮ್ಮನೇಲಿ ಏಡಿ ತರ್ತಾನೇ ಇರ್ಲಿಲ್ವಲ್ಲ ಸಣ್ಣವ್ವ. ಅಪ್ಪಂಗೆ ಆಗ್ತಿರ್ಲಿಲ್ಲ, ಮೈ ಕಡಿಯೋದು" ಅಂದರು. "ಅದ್ಕೇ ಬಿಟ್ಲು" ಅಂದಳು ಸಣ್ಣಜ್ಜಿ. ಅಷ್ಟೇ ಮಾತು. ಮದುವೆ ಆಗಿ ಬಂದಾಗ ಅಜ್ಜಿಗೆ 18.

ಅವತ್ತು ರಾತ್ರಿ ಚಿಕ್ಕಪ್ಪ, ತಮ್ಮ ಇಬ್ಬರೂ ಟಾರ್ಚ್ ಹಿಡಿದುಕೊಂಡು ಗದ್ದೆ ಹಳ್ಳಕ್ಕೆ ಹೋದರು. ಹನ್ನೊಂದು ಗಂಟೆಗೆ ಮೊಣಕಾಲು ತನಕ ಕೆಸರು ಮಾಡಿಕೊಂಡು ಬಂದರು. ಬಕೆಟ್ಟಲ್ಲಿ ಆರು ಏಡಿ. ಮಗಳು ನಿದ್ದೆಗಣ್ಣಲ್ಲಿ ಎದ್ದು ಬಂದು ಬಕೆಟ್ ಪಕ್ಕ ಕೂತಳು. ಒಂದರ ಕೊಂಬು ತಟ್ಟಿ ತಟ್ಟಿ ಸದ್ದು ಮಾಡುತ್ತಿತ್ತು.

ಭಾನುವಾರ ಬೆಳಗ್ಗೆ ಊರಲ್ಲಿ ಗುಡ್ಡೆ ಮಾಂಸ. ಅಪ್ಪ ಎರಡು ಗುಡ್ಡೆ ತಂದರು, ತಾತನಿಗೆ ಅಂತ ಈಲಿ ಬೇರೆ ಕಟ್ಟಿಸಿಕೊಂಡು ಬಂದಿದ್ದರು. ಅತ್ತೆ ಮಸಾಲೆ ರುಬ್ಬಿದರು. ಅಡುಗೆ ಮನೆಯಲ್ಲಿ ಐದು ಜನ, ಹೊಗೆ, ಬೆವರು. ಹನ್ನೆರಡೂವರೆಗೆ ಎಲ್ಲ ಮುಗಿದು ಎಲೆ ಹಾಕೋಕೆ ಶುರು ಮಾಡಿದೆವು.

ತಾತನ ಎಲೆ ಅಮ್ಮ ಹಾಕಿದಳು. ಮೆತ್ತನೆ ಮುದ್ದೆ, ಸಾರಿಗೆ ಗುಳಿ, ಈಚೆ ಎಳೆದ ಬೀಡಿ, ಅರ್ಧ ತೆರೆದ ಬೆಂಕಿಪೊಟ್ಟಣ. ಒಂದೂ ಬಿಡಲಿಲ್ಲ. ಪಕ್ಕದಲ್ಲಿ ಅಜ್ಜಿಯ ಎಲೆ. ಒಬ್ಬಟ್ಟು, ಶಾವಿಗೆ, ಹುರುಳಿಕಟ್ಟಿನ ಸಾರು ಎಲ್ಲವನ್ನೂ ಇಟ್ಟೆವು, ಮಕ್ಕಳ ಮನಸ್ಸಿಗೆ ನೋವಾಗಬಾರದಲ್ವಾ. ಸಣ್ಣಜ್ಜಿ ಒಲೆ ಕೆಂಡದಲ್ಲಿ ತಾನೇ ಸುಟ್ಟ ಏಡಿ ತಂದು ಇಟ್ಟಳು. ಉಪ್ಪು ಮೆಣಸು ಹಚ್ಚಿ, ಕಾಲುಗಳನ್ನು ಮುರಿದು, ಬಾಯಿಗೆ ಹಾಕೋಕೆ ಸುಲಭ ಆಗೋ ಹಾಗೆ.

ಆಮೇಲೆ ಅಮ್ಮ ಬೇಕರಿ ಪೊಟ್ಟಣ ಬಿಚ್ಚಿದಳು. "ಒಂದು ತಾ ಅಂದ್ರೆ ನಾಲ್ಕು ತಂದಿದೀಯಲ್ಲ" ಅಂದಳು. ಮೂರನ್ನು ಮಕ್ಕಳಿಗೆ ಅಂತ ಎತ್ತಿಟ್ಟು, ಒಂದನ್ನು ಈಳಿಗೆ ಮಣೆಗೆ ಹಿಡಿದು ನಡುವೆ ಕೊಯ್ದಳು. ಒಳಗಿನ ಕಾಯಿತುರಿ, ಕೆಂಪು ಹಸಿರು ಟೂಟಿ ಫ್ರೂಟಿ ಸ್ವಲ್ಪ ಉದುರಿತು. ಉದುರಿದ್ದನ್ನು ಬೆರಳಲ್ಲಿ ಒತ್ತಿ ಎತ್ತಿ ಮತ್ತೆ ಅದರ ಒಳಗೇ ಸೇರಿಸಿದಳು. ಕಾಯಿ ಜಾಸ್ತಿ ಇದ್ದ ಅರ್ಧವನ್ನು ಅಜ್ಜಿಯ ಎಲೆ ಮೇಲೆ ಇಟ್ಟಳು. ಪಕ್ಕದಲ್ಲಿ ಸಕ್ಕರೆ ಹಾಕದ ಕಾಫಿ.

"ಇದ್ಯಾಕೆ ಅತ್ತಿಗೆ?" ಅಂದರು ಅತ್ತೆ.

ಅಮ್ಮ ಅಪ್ಪನ ಮುಖ ನೋಡದೆ ಹೇಳಿದಳು. 2013ರಲ್ಲಿ ಅಜ್ಜಿಗೆ ಸಕ್ಕರೆ ಕಾಯಿಲೆ ಅಂತ ಗೊತ್ತಾದಾಗ ಅಪ್ಪ ಬೆಲ್ಲದ ಡಬ್ಬವನ್ನು ಅಟ್ಟಕ್ಕೆ ಏರಿಸಿದ್ದರು. ಹಬ್ಬದ ದಿನವೂ ಅಜ್ಜಿ ತಟ್ಟೆಗೆ ಸಿಹಿ ಇಲ್ಲ. ತಾಯಿಗೆ ಏನಾಗಿಬಿಡುತ್ತೋ ಅನ್ನೋ ಭಯ ಅಪ್ಪನಿಗೆ. ತಿಂಗಳಿಗೊಮ್ಮೆ ಅತ್ತೆ ಸೊಸೆ ಇಬ್ಬರೂ ಹಾಸನಕ್ಕೆ ಹೋಗಿ ರಕ್ತ ಪರೀಕ್ಷೆ ಮಾಡಿಸಬೇಕಿತ್ತು. ಖಾಲಿ ಹೊಟ್ಟೆಯಲ್ಲಿ ರಕ್ತ ಕೊಟ್ಟು ಬಂದು ಅಜ್ಜಿಗೆ ಕಣ್ಣು ಕತ್ತಲೆ ಬಂದ ಹಾಗಾಯಿತಂತೆ. ಎದುರಿಗೆ ಬೇಕರಿ. ಅಮ್ಮ ಬೆಂಚಿನ ಮೇಲೆ ಕೂರಿಸಿ ಕೈಗೆ ಸಿಕ್ಕಿದ್ದು ಕೊಡಿಸಿದಳು. ಅದು ದಿಲ್‌ಪಸಂದ್. 71 ವರ್ಷಕ್ಕೆ ಅಜ್ಜಿ ಅದನ್ನು ಮೊದಲ ಸಲ ತಿಂದಿದ್ದು.

"ಅಲ್ಲಿಂದ ಪ್ರತಿ ತಿಂಗಳೂ. ಒಂದು ಪೀಸು, ಇಬ್ಬರಿಗೆ. ಅರ್ಧಕ್ಕಿಂತ ಜಾಸ್ತಿ ನಾನು ಕೊಡ್ತಿರ್ಲಿಲ್ಲ. ಅವ್ರೂ ಕೇಳ್ತಿರ್ಲಿಲ್ಲ. ಒಳಗಿನ ಕಾಯಿ ಮೊದ್ಲು ತಿನ್ನೋರು, ಮೇಲಿಂದನ್ನ ಕಾಫಿಗೆ ಅದ್ಕೊಂಡು ತಿನ್ನೋರು. ನನ್ ಮಗಂಗೆ ಹೇಳ್ಬೇಡ ಕಣೆ ಅಂತಿದ್ರು. ಹೇಳ್ಲಿಲ್ಲ."

"ಎಷ್ಟು ವರ್ಷ?" ಅಂದರು ಅಪ್ಪ.

"ಹನ್ನೊಂದು ವರ್ಷ."

ಅಪ್ಪ ತುಂಬಾ ಹೊತ್ತು ಆ ಎಲೆ ನೋಡುತ್ತಾ ನಿಂತರು. ನಾನೂ ನೋಡಿದೆ. ಒಂದು ತುದಿಗೆ ಏಡಿ, ಒಂದು ತುದಿಗೆ ಅರ್ಧ ದಿಲ್‌ಪಸಂದ್. ಹದಿನೆಂಟು ವರ್ಷದ ತನಕದ ಅಜ್ಜಿಯನ್ನು ತಂಗಿ ಬಲ್ಲಳು. ಎಪ್ಪತ್ತೊಂದರ ಮೇಲಿನ ಅಜ್ಜಿಯನ್ನು ಸೊಸೆ ಬಲ್ಲಳು. ನಡುವೆ ಇದ್ದದ್ದು ನಾವು ಮಕ್ಕಳು ಮೊಮ್ಮಕ್ಕಳ ಒಬ್ಬಟ್ಟು ಶಾವಿಗೆ.

ಧೂಪ ಹಾಕಿದರು. ಒಬ್ಬೊಬ್ಬರಾಗಿ ಅಡ್ಡಬಿದ್ದು ಹೊರಗೆ ಬಂದೆವು. ಅಪ್ಪ ಬಾಗಿಲು ಎಳೆದುಕೊಂಡರು.

ಜಗಲಿ ಮೇಲೆ ಎಲ್ಲರೂ ಸಾಲಾಗಿ ಕೂತೆವು. ಮಳೆ ನಿಂತು ಹಂಚಿನಿಂದ ಹನಿ ಬೀಳುತ್ತಿತ್ತು. ಮಗಳು ನನ್ನ ಕಿವಿಯಲ್ಲಿ, "ಮುತ್ತಜ್ಜಿ ಈಗ ಯಾವುದು ಮೊದಲು ತಿಂತಿರಬಹುದು?" ಅಂದಳು. ಸುಮ್ಮನಿರು ಅಂತ ಕಣ್ಣಲ್ಲೇ ಹೇಳಿದೆ. ಆ ಹೊತ್ತಲ್ಲಿ ನಮ್ಮ ಮನೆಯಲ್ಲಿ ಯಾರೂ ಮಾತಾಡೋದಿಲ್ಲ.

ಆಗ ನೋಡಿದೆ. ಕಂಬದ ಹತ್ತಿರ, ಬಾಗಿಲ ಕಡೆ ಮುಖ ಮಾಡಿ ಕೂತಿದ್ದ ಅಮ್ಮ ಸೆರಗಿನ ತುದಿ ಬಿಚ್ಚಿದಳು. ಒಳಗೆ ಇನ್ನರ್ಧ ದಿಲ್‌ಪಸಂದ್ ಇತ್ತು. ಒಂದು ಚೂರು ಮುರಿದು ಬಾಯಿಗೆ ಹಾಕಿಕೊಂಡಳು. ನಿಧಾನವಾಗಿ ಅಗಿದಳು. ಕಣ್ಣು ಮುಚ್ಚಿದ ಬಾಗಿಲ ಮೇಲೇ ಇತ್ತು.

ಅತ್ತೆ ನೋಡಿದರು. ಸಣ್ಣಜ್ಜಿ ನೋಡಿದಳು. ಅಪ್ಪನೂ ನೋಡಿದರು, ಆಮೇಲೆ ಮುಖ ಗದ್ದೆ ಕಡೆ ತಿರುಗಿಸಿಕೊಂಡರು. ಅಮ್ಮ ಇನ್ನೊಂದು ಚೂರು ಮುರಿದಳು.

ಚಿಕ್ಕಪ್ಪ ವಾಚ್ ನೋಡಿ ಎದ್ದರು. "ಐದು ನಿಮಿಷ ಆಯ್ತಣ್ಣ, ಬಾಗ್ಲು ತಟ್ಟು."

"ಕೂತ್ಕೋ" ಅಂದರು ಅಪ್ಪ. "ಇನ್ನೂ ತಿಂತಿದಾರೆ."